ಮೊಹ್ಸಿನ್ ಕಿವಿಯಲ್ಲಿ ವಿಮರ್ಶೆ

ಹೊಳಲೂರಿನಲ್ಲಿ ಚಟ್ಟದ ಮೇಲೆ ಮಲಗಿಸಿದ್ದ ಹೆಣವೊಂದನ್ನು ನಾನು ವಿಮರ್ಶೆ ಮಾಡಿ ಎಬ್ಬಿಸಿದ್ದೇನೆ. ಸತ್ತಾತ ಕಾದಂಬರಿಕಾರ, ಜೀವಮಾನವಿಡೀ ದೆವ್ವದ ಕಥೆ ಬರೆದವನು. ಇನ್ನೇನು ನಾಲ್ಕು ಜನ ಹೆಗಲು ಕೊಡಬೇಕು, ನಾನು ಹತ್ತಿರ ಹೋಗಿ ಅವನ ಕಿವಿಯಲ್ಲಿ, "ನಿನ್ನ ಕೊನೇ ಕಾದಂಬರಿಯ ಮೂರನೇ ಅಧ್ಯಾಯ ತೀರಾ ತೆಳು ಮಾರಾಯ" ಎಂದೆ. ಹೆಣ ಎದ್ದು ಕೂತಿತು. "ಯಾವನೋ ಅವನು ತೆಳು ಅಂದೋನು?" ಎಂದು ಮೂಗಿನ ಹತ್ತಿ ತೆಗೆದು ಪಕ್ಕಕ್ಕಿಟ್ಟು ವಾದಕ್ಕೆ ನಿಂತಿತು. ಕೊನೆಗೆ ನನ್ನ ಮಾತನ್ನು ಒಪ್ಪಿ, ಹತ್ತಿಯನ್ನು ತಾನೇ ಮತ್ತೆ ತುರುಕಿಕೊಂಡು ಮಲಗಿತು. ಅಷ್ಟು ಹೊತ್ತೂ ತುಂಗಭದ್ರೆ ಹರಿಯುವುದನ್ನು ನಿಲ್ಲಿಸಿ ಕೇಳಿಸಿಕೊಂಡಳು.

ನಾನು ಕಾಂತರಾಜ್. ಕಾಲೇಜಿನಲ್ಲಿ ಕನ್ನಡ ಪಾಠ ಹೇಳಿ ನಿವೃತ್ತನಾಗಿ ಶಿವಮೊಗ್ಗದ ವಿನೋಬನಗರದಲ್ಲಿದ್ದೇನೆ. ದೆವ್ವದ ಕಾದಂಬರಿ, ಮಾಯಾಲೋಕದ ಕಾದಂಬರಿ, ವಿಜ್ಞಾನದ ಕಲ್ಪನೆಯ ಕಾದಂಬರಿ, ದೊಡ್ಡ ವಿಮರ್ಶಕರು ತಲೆ ಹಾಕಿಯೂ ನೋಡದ ಈ ಮೂರು ಸೀಮೆಗೂ ನಾನೊಬ್ಬನೇ ಪಾಳೇಗಾರ. ಭಯದ ಕಾದಂಬರಿಗೆ ಮುಖ್ಯವಾದದ್ದು ದೆವ್ವ ಅಲ್ಲ, ಮನೆ. ಒಳಗೆ ಹೋದವನಿಗೆ ಬಾಗಿಲು ಮತ್ತೆ ತೆರೆಯಬಾರದು. ಮಾಯಾಲೋಕ ಕಟ್ಟುವವನು ಮಂತ್ರಕ್ಕೆ ತೆರಬೇಕಾದ ಬೆಲೆಯನ್ನು ಮೊದಲೇ ಹೇಳಿಬಿಡಬೇಕು. ಪುಕ್ಕಟೆ ಮಂತ್ರವೆಂದರೆ ಓದುಗನಿಗೆ ಮಾಡುವ ಮೋಸ. ವಿಜ್ಞಾನದ ಕಾದಂಬರಿಯಲ್ಲಿ ಒಂದೇ ಒಂದು ಸುಳ್ಳಿಗೆ ಅವಕಾಶ. ಉಳಿದ ಪ್ರತಿಯೊಂದು ಸ್ಕ್ರೂ ನಿಜದ್ದಾಗಿರಬೇಕು. ಈ ಸಿದ್ಧಾಂತಗಳನ್ನು ಕದಿಯಲು ಪ್ಯಾರಿಸ್‌ನಿಂದ ಬಂದವರನ್ನು ನಾನು ಬಸ್ ಸ್ಟ್ಯಾಂಡಿನಲ್ಲೇ ಹಿಡಿದು ವಾಪಸು ಕಳಿಸಿದ್ದೇನೆ.

ಅನೀಸಾ ಬಂದ ದಿನ ನಾನು ಪಕ್ಕದ ಮನೆಯವರಿಗೆ ತ್ಯಾವರೆಕೊಪ್ಪದ ಸಫಾರಿಯ ಹುಲಿಯ ವಿಷಯ ಹೇಳುತ್ತಿದ್ದೆ. ನಾನೊಂದು ದೆವ್ವದ ಕಥೆ ಓದಿ ಹೇಳಿದ ಮೇಲೆ ಅದು ಕಾವಲುಗಾರನ ಕೈ ಹಿಡಿದುಕೊಳ್ಳದೆ ಮಲಗುತ್ತಿಲ್ಲ. ಅಷ್ಟರಲ್ಲಿ ಹೆಂಡತಿ ಶೀಲಾ ಒಳಗಿನಿಂದ ಕೂಗಿದಳು.

"ಹೆಣ ಎಬ್ಬಿಸೋರೇ, ಗೇಟಿನ ಹತ್ರ ಯಾರೋ ಆಗ್ಲಿಂದ ನಿಂತಿದಾರೆ. ಮೊದ್ಲು ನೀವು ಕುರ್ಚಿ ಬಿಟ್ಟು ಏಳಿ."

ಬುರ್ಖಾದ ಮುಸುಕನ್ನು ಹಿಂದಕ್ಕೆ ಸರಿಸಿಕೊಂಡು ನಿಂತಿದ್ದ ಹೆಂಗಸು. ನಿದ್ದೆಗೆಟ್ಟ ಕಣ್ಣು. ಕುಳಿತುಕೊಳ್ಳಿ ಎಂದರೆ ಕೂರಲಿಲ್ಲ.

"ಭದ್ರಾವತಿಯಿಂದ ಬಂದೆ ಸಾರ್. ಮೋಟರ್ ವೈಂಡಿಂಗ್ ಮೊಹ್ಸಿನ್ ಇದಾರಲ್ಲ, ಅವ್ರ ಮನೆಯವ್ಳು, ಅನೀಸಾ."

ಮೊಹ್ಸಿನ್ ನನಗೆ ಗೊತ್ತು. ಭದ್ರಾವತಿಯಲ್ಲಿ ಸುಟ್ಟ ಮೋಟರುಗಳಿಗೆ ಹೊಸ ತಾಮ್ರದ ತಂತಿ ಸುತ್ತಿ ಕೊಡುವ ಅಂಗಡಿ ಇಟ್ಟವನು. ನನ್ನ ಭಾಷಣ ಎಲ್ಲೇ ಇರಲಿ, ಕೊನೇ ಸಾಲಿನಲ್ಲಿ ಅವನಿರುತ್ತಿದ್ದ. ಕೈ ಕುಲುಕಿದರೆ ವಾರ್ನಿಶ್ ವಾಸನೆ. 'ತಾಮ್ರದ ದನಿ' ಎಂದು ಕಾದಂಬರಿ ಬರೆದು, ಡಿ.ಟಿ.ಪಿ. ಮುರಳಿಯ ಕೈಯಲ್ಲಿ ಟೈಪ್ ಮಾಡಿಸಿ, ಮುನ್ನುಡಿಗೆಂದು ಅವನ ಮೂಲಕವೇ ನನ್ನ ಫೋನಿಗೆ ಕಳಿಸಿದ್ದ. ಕನ್ನಡದಲ್ಲಿ ಮುನ್ನುಡಿ ಕೇಳುವುದೆಂದರೆ ಆಶೀರ್ವಾದ ಕೇಳಿದ ಹಾಗೆ. ಓದಿದಿರಾ ಎಂದು ವಿಚಾರಿಸುವುದು ಅಪಚಾರ. ಅವನೂ ವಿಚಾರಿಸಲಿಲ್ಲ. ಒಂದು ಲೋಟ ಕಾಫಿ ಆರುವುದರೊಳಗೆ ನಾನು ಇಡೀ ಕಾದಂಬರಿ ಮುಗಿಸಿ "ಅದ್ಭುತ" ಎಂದು ಮೆಸೇಜ್ ಹಾಕಿದ್ದೆ.

"ಏನಂತೆ ಮೊಹ್ಸಿನ್? ಮುನ್ನುಡಿಗೆ ಅವಸರ ಮಾಡ್ತಿದಾನಾ?" ಎಂದೆ.

"ಅಂಗಡೀಲಿ ಬಿದ್ಬಿಟ್ರು ಸಾರ್. ತಲೆಯೊಳಗೆ ರಕ್ತದ ನರ ಒಡೆದಿದೆ ಅಂದ್ರು. ಇಲ್ಲೇ ಶಿವಮೊಗ್ಗದಲ್ಲಿ ಆಪರೇಷನ್ ಆಯ್ತು. ಕಣ್ಣು ಬಿಟ್ಟಿದಾರೆ, ಯಾರನ್ನೂ ನೋಡಲ್ಲ. ಕರೆದ್ರೆ ಓ ಅನ್ನಲ್ಲ." ಅವಳು ಉಸಿರು ತೆಗೆದುಕೊಂಡಳು. "ಡಾಕ್ಟ್ರಮ್ಮ ಹೇಳಿದಾರೆ, ಮಾತಿಗೆ ಒಂದ್ಸಲ ಏನಾದ್ರೂ ಜವಾಬು ಕೊಟ್ರೆ ಸಾಕು, ಮಂಗಳೂರಿಗೆ ಕಳಿಸ್ತೀನಿ, ಅಲ್ಲಿ ಇನ್ನೂ ಮಾಡೋದಿದೆ ಅಂತ. ಇಲ್ದಿದ್ರೆ ಶುಕ್ರವಾರ ಮನೆಗೆ ಕರ್ಕೊಂಡು ಹೋಗಿ ಅಂತ. ಮನೆಗೆ ಅಂದ್ರೆ ಏನು ಅಂತ ನಂಗೊತ್ತು."

ಶೀಲಾ ನೀರು ತಂದು ಕೊಟ್ಟಳು. ಅನೀಸಾ ಲೋಟ ಹಿಡಿದುಕೊಂಡಳೇ ಹೊರತು ಕುಡಿಯಲಿಲ್ಲ.

"ಎಲ್ಲಾ ಮಾಡಿ ನೋಡಿದ್ವಿ ಸಾರ್. ಅತ್ತೆ ಕಿವೀಲಿ ದುವಾ ಹೇಳಿದ್ರು. ಪಕ್ಕದ ಅಂಗಡಿಯೋರು ಮೋಟರ್ ಓಡೋ ಸದ್ದು ಫೋನಲ್ಲಿ ತಂದು ಕೇಳಿಸಿದ್ರು. ನಾನು ಬಾಯಿಗೆ ಬಂದಂಗೆ ಬೈದೂ ನೋಡ್ದೆ. ಉಳಿದಿರೋದು ನೀವೊಬ್ರೇ."

"ನಾನೇನು ಮಾಡಕ್ಕಾಗುತ್ತೆ ತಂಗಿ?"

"ನೀವು ಹೊಳಲೂರಲ್ಲಿ ಹೆಣ ಎಬ್ಬಿಸಿದ್ದನ್ನ ಇವ್ರು ಮನೇಲಿ ಹೇಳಿ ಹೇಳಿ ನಗೋರು. ಅದು ಸುಳ್ಳು ಅಂತ ನಂಗೂ ಗೊತ್ತು, ಇವ್ರಿಗೂ ಗೊತ್ತಿತ್ತು. ಆದ್ರೂ ಬನ್ನಿ ಸಾರ್. ಸಾರ್ ಏನಂತಾರೋ ಸಾರ್ ಏನಂತಾರೋ ಅಂತ ಊಟ ಬಿಟ್ಟು ಕಾಯ್ತಿದ್ರು. ಆ ಕಾದಂಬರಿ ಬಗ್ಗೆ ಏನನ್ಸುತ್ತೋ ಅದನ್ನ ಕಿವೀಲಿ ಹೇಳಿ. ಚೆನ್ನಾಗಿಲ್ಲ ಅಂದ್ರೂ ಪರವಾಗಿಲ್ಲ. ಜಗಳಕ್ಕಾದ್ರೂ ಎದ್ದೇಳ್ಲಿ."

ಜೀವಮಾನದಲ್ಲಿ ನನ್ನ ವಿಮರ್ಶೆಯನ್ನು ಇಷ್ಟು ಗಂಭೀರವಾಗಿ ಯಾರೂ ತೆಗೆದುಕೊಂಡಿರಲಿಲ್ಲ. ಇಸ್ತ್ರಿ ಮಾಡಿದ ಜುಬ್ಬಾ ಹಾಕಿಕೊಂಡು ಹೊರಟೆ.

ಆಸ್ಪತ್ರೆಯಲ್ಲಿ ಇವನೇ ಮೊಹ್ಸಿನ್ ಎಂದು ಹೇಳಿದ್ದಕ್ಕೆ ಅವನೇ ಎಂದುಕೊಂಡೆ. ತಲೆ ಬೋಳಿಸಿದ್ದರು. ಗಂಟಲಿಗೊಂದು ಪೈಪು, ಮೂಗಿಗೊಂದು ಪೈಪು. ಕಣ್ಣು ತೆರೆದಿತ್ತು, ನನ್ನನ್ನು ಹಾದು, ನನ್ನ ಹಿಂದಿನ ಗೋಡೆಯನ್ನೂ ಹಾದು ಎಲ್ಲೋ ನೋಡುತ್ತಿತ್ತು. ಕಾಲಿನ ಕಡೆ ಸ್ಟೂಲಿನ ಮೇಲೆ ಅವನ ತಾಯಿ ಕರೀಮಾಬಿ ತಸ್ಬೀಮಣಿ ಎಣಿಸುತ್ತ ಕೂತಿದ್ದರು. ನನ್ನನ್ನೊಮ್ಮೆ ನೋಡಿ ಮತ್ತೆ ಮಣಿಗೆ ಮರಳಿದರು.

ನಾನು ಬಾಗಿದೆ. ವಾರ್ನಿಶ್ ವಾಸನೆ ಇರಲಿಲ್ಲ.

"ಮೊಹ್ಸಿನ್, ನಿನ್ನ 'ತಾಮ್ರದ ದನಿ' ಓದಿದೆ. ಏನು ಬರೆದಿದೀಯ ಮಾರಾಯ! ಆ ಹಳೇ ಬಂಗಲೆಯ ಚಿತ್ರ ಇದೆಯಲ್ಲ, ಇಷ್ಟು ಒಳ್ಳೇ ಬಂಗಲೆ ಕನ್ನಡದಲ್ಲೇ ಬಂದಿಲ್ಲ. ಬಾಗಿಲಿನ ತಾಮ್ರದ ಗಂಟೆ ಯಾರೂ ಮುಟ್ಟದೆ ಬಾರಿಸ್ತದಲ್ಲ, ಅಲ್ಲಿ ನನಗೆ ಎದೆ ಝಲ್ ಅಂತು. ಆದರೆ ದೆವ್ವವನ್ನು ಬೇಗ ತಂದೆ. ಓದುಗನನ್ನು ಇನ್ನೂ ಕಾಯಿಸಬೇಕಿತ್ತು. ಅಲ್ಲಿ ತಪ್ಪಿದೆ ನೀನು. ಏನಂತೀಯ?"

ಯಂತ್ರವೊಂದು ಟಿಕ್ ಟಿಕ್ ಅನ್ನುತ್ತಿತ್ತು. ಅನೀಸಾ ಗಂಡನ ಕಡೆ ನೋಡುತ್ತಿರಲಿಲ್ಲ. ನನ್ನ ಮುಖವನ್ನೇ ನೋಡುತ್ತಿದ್ದಳು, ಡಾಕ್ಟರ ಕೈಯಲ್ಲಿರುವ ಎಕ್ಸ್‌ರೇಯನ್ನು ನೋಡುವ ಹಾಗೆ. ಇನ್ನೊಂದು ಗಳಿಗೆ ಕಳೆದರೆ ನಾನು ಎದ್ದು, ಜುಬ್ಬಾ ಕೊಡವಿ, ದೇವರಿದ್ದಾನೆ ಎಂದು ಹೇಳಿ ಹೋಗಬೇಕಿತ್ತು.

"ಬೆರಳು!" ಎಂದೆ. "ನೋಡಿ, ಬೆರಳು ಅಲ್ಲಾಡ್ತು!"

ಅನೀಸಾ ಬಾಯಿಗೆ ಕೈ ಅಡ್ಡ ಇಟ್ಟುಕೊಂಡಳು. ಕರೀಮಾಬಿಯ ಮಣಿ ನಿಂತಿತು.

ಅಲ್ಲಿಂದ ದಿನಾ ಹೋದೆ. ಆ ವಾರ ನಾನು ಮಾಡಿದಂಥ ವಿಮರ್ಶೆಯನ್ನು ಆಕ್ಸ್‌ಫರ್ಡ್‌ನಲ್ಲಿ ಕೇಳಿಸಿದ್ದರೆ ಅಲ್ಲಿನ ಗೋಡೆಗಳು ಎದ್ದು ನಿಂತು ಚಪ್ಪಾಳೆ ತಟ್ಟುತ್ತಿದ್ದವು. ಬಂಗಲೆಗೆ ಮಹಡಿ ಬಂತು, ಮಹಡಿಗೆ ಬೀಗ ಹಾಕಿದ ಕೋಣೆ ಬಂತು, ಕೋಣೆಯಲ್ಲಿ ಕನ್ನಡಿ. ಪರದೇಶದ ಕೋಟೆ ಕೊತ್ತಲಗಳ ಕಥೆಯಲ್ಲಿ ವಂಶದ ಪಾಪ ಮನೆಯಾಗಿ ನಿಲ್ಲುತ್ತದೆ, ನಮ್ಮಲ್ಲಿ ಅದು ಪಾಲುಪಟ್ಟಿಯಾಗಿ ನಿಲ್ಲುತ್ತದೆ, ನೀನು ಈ ಎರಡನ್ನೂ ಬೆಸೆದಿದ್ದೀಯ ಎಂದು ಮೊಹ್ಸಿನನ ಕಿವಿಯಲ್ಲಿ ಹೇಳಿದೆ. ನರ್ಸ್ ಭೂಮಿಕಾ ಡ್ರಿಪ್ ಬದಲಾಯಿಸುವುದನ್ನು ಬಿಟ್ಟು ಕೇಳುತ್ತ ನಿಲ್ಲುತ್ತಿದ್ದಳು.

"ಸಾರ್, ಆ ಕೋಣೇಲಿ ಯಾರಿದಾರೆ? ಇವತ್ತೇ ಹೇಳ್ಬಿಡಿ, ನಾಳೆ ನಂಗೆ ವಾರದ ರಜ."

"ಹೇಳಬಾರದು ಕಣಮ್ಮ. ಅದೇ ಭಯದ ಕಾದಂಬರಿಯ ಗುಟ್ಟು."

ಅನೀಸಾ ಈಗ ಊಟ ಮಾಡುತ್ತಿದ್ದಳು. ನಾನು ಬಾಗಿಲಲ್ಲಿ ಕಾಣಿಸಿದರೆ ಗಂಡನಿಗೆ, "ನೋಡ್ರಿ, ಸಾರ್ ಬಂದ್ರು. ಇವತ್ತು ಮಹಡಿ ಹತ್ತೋಣ" ಎನ್ನುವಳು. ಬೆರಳು ಈಗ ನಾನು ಹೇಳದೆಯೂ ಅಲ್ಲಾಡತೊಡಗಿತ್ತು. "ಈಗ ನೋಡಿದ್ರಾ ಸಾರ್? ಕನ್ನಡಿ ಅಂದ ತಕ್ಷಣ!" ಎಂದು ಅವಳು ಕೇಳುವಳು. ನಾನು ಹೂಂ ಅನ್ನುವೆ.

ಕರೀಮಾಬಿ ಮಾತ್ರ ಒಂದು ಮಧ್ಯಾಹ್ನ ಮಣಿಯನ್ನು ಮಡಿಲಿಗೆ ಹಾಕಿಕೊಂಡು ಮಾತಾಡಿದರು.

"ಮೇಷ್ಟ್ರೇ, ಈ ಬೆರಳಿಗೆ ಮದುವೇಲಿ ನಾನು ಮೆಹಂದಿ ಹಚ್ಚಿದೀನಿ. ಚಿಕ್ಕೋನಿದ್ದಾಗ ಇದನ್ನ ಚೀಪ್ತಾನೆ ಅಂತ ಬೇವಿನೆಣ್ಣೆ ಸವರಿದೀನಿ. ಇದು ಅಲ್ಲಾಡಿದ್ರೆ ನಂಗೆ ಯಾಕೆ ಕಾಣಲ್ಲ?"

"ಅಮ್ಮೀ, ನಿಮ್ಗೆ ಕಣ್ಣು ಸರಿ ಕಾಣಲ್ಲ" ಎಂದಳು ಅನೀಸಾ.

"ಮಗ ಕಾಣ್ತಾನೆ ನಂಗೆ." ಅವರು ಸೊಸೆಯ ಕೈ ಹಿಡಿದುಕೊಂಡರು. "ಮನೆಗೆ ಕರ್ಕೊಂಡು ಹೋಗೋಣ ಬೇಟೀ. ದಿನಾ ಗಂಟಲೊಳಗೆ ಪೈಪು ಬಿಟ್ಟು ಎಳೀತಾರೆ, ಅವನ ಕಣ್ಣಲ್ಲಿ ನೀರು ಬರುತ್ತೆ, ಅದೊಂದು ನಂಗೆ ಕಾಣುತ್ತೆ. ತನ್ನ ಮನೇಲಿ, ತನ್ನೋರ ಮಧ್ಯ ಇರ್ಲಿ. ಅಲ್ಲಾ ಎಷ್ಟು ಬರೆದಿದಾನೋ ಅಷ್ಟು."

ಅನೀಸಾ ಕೈ ಕಿತ್ತುಕೊಂಡಳು. "ಕೇಳಿಸ್ಕೊಳ್ತಾ ಇರೋ ಮನುಷ್ಯನ್ನ ಮನೆಗೊಯ್ದು ಸಾಯಿಸ್ಲಾ? ನೀವು ಹೇಳಿ ಸಾರ್, ಕೇಳಿಸ್ಕೊಳ್ತಿದಾರೆ ತಾನೆ?"

ಹೇಳಿದೆ. ಹೌದು ಅನ್ನುವುದು ಬಾಯಿಗೆ ಅಭ್ಯಾಸವಾಗಿತ್ತು.

ಆ ಸಂಜೆಯಿಂದ ಅತ್ತೆ ಸೊಸೆ ಒಂದೇ ಡಬ್ಬಿಯಲ್ಲಿ ಉಣ್ಣುವುದನ್ನು ಬಿಟ್ಟರು. ಒಬ್ಬರು ಒಳಗಿದ್ದರೆ ಇನ್ನೊಬ್ಬರು ಕಾರಿಡಾರಿನಲ್ಲಿ. ಮನೆಯಲ್ಲಿ ಶೀಲಾ ನನ್ನ ತಟ್ಟೆ ನೋಡಿ, "ಏನ್ರೀ, ಬಾಯಿಗೆ ಬೀಗ ಬಿದ್ದಿದೆ? ಹುಲಿಗೇನಾದ್ರೂ ಹುಷಾರಿಲ್ವಾ?" ಎಂದಳು. ಫೋನ್ ತೆಗೆದೆ, ಸ್ವಲ್ಪ ಹೊತ್ತು ನೋಡಿ ಕವುಚಿ ಇಟ್ಟೆ. ಬಂಗಲೆ ಎಷ್ಟು ದೊಡ್ಡದಾಗಿತ್ತೆಂದರೆ ಅದರಿಂದ ಹೊರಗೆ ಬರುವ ಬಾಗಿಲು ನನಗೇ ತಿಳಿಯುತ್ತಿರಲಿಲ್ಲ.

ಗುರುವಾರ ಹೊರಡುವಾಗ ಅನೀಸಾ ಲಿಫ್ಟಿನವರೆಗೂ ಬಂದಳು.

"ನಾಳೆ ಡಾಕ್ಟ್ರಮ್ಮನ ಎದುರಿಗೆ ನೀವೇ ಹೇಳ್ಬೇಕು ಸಾರ್. ನಾನು ಹೆಂಡ್ತಿ, ಆಸೆಗೆ ಹಂಗೆ ಕಾಣುತ್ತೆ ಅಂತಾರೆ. ನೀವು ಓದಿದೋರು, ಹೊರಗಿನೋರು. ನಿಮ್ಮ ಒಂದು ಮಾತಿನ ಮೇಲೆ ಆಂಬುಲೆನ್ಸ್ ಮಂಗಳೂರ ಕಡೆ ತಿರುಗುತ್ತೋ ಭದ್ರಾವತಿ ಕಡೆ ತಿರುಗುತ್ತೋ ಗೊತ್ತಾಗೋದು." ಆಮೇಲೆ ಸಂಕೋಚದಿಂದ ಸೇರಿಸಿದಳು, "ಮುರಳಿಗೂ ಹೇಳಿದೀನಿ, ಕಾದಂಬರಿ ಪ್ರಿಂಟ್ ತೆಗೆದು ತಾ ಅಂತ. ಇವ್ರಿಗೆ ಇಷ್ಟವಾದ ಜಾಗ ನೀವು ಓದ್ಬಿಡಿ. ಬೆರಳೇನು, ಕೈಯೇ ಎತ್ತಬಹುದು."

ಶುಕ್ರವಾರ ಡಾಕ್ಟರ್ ದಾಕ್ಷಾಯಣಿ ಬಂದರು. ಮಾತು ಕಡಿಮೆ, ಆದರೆ ಗಡಿಬಿಡಿಯಿಲ್ಲದ ಹೆಂಗಸು. ಮೊಹ್ಸಿನನ ಮುಖದ ಹತ್ತಿರ ಬಾಗಿ ಕೈ ಹಿಡಿಯಿರಿ ಎಂದರು, ಕಣ್ಣು ಮುಚ್ಚಿ ಎಂದರು, ಈ ಕಡೆ ನೋಡಿ ಎಂದರು. ಮೊಹ್ಸಿನ್ ತಾನು ನೋಡುತ್ತಿದ್ದ ಕಡೆಯೇ ನೋಡುತ್ತಿದ್ದ.

"ನಿಮ್ಮ ಮಾತಿಗಲ್ಲ ಮೇಡಂ" ಎಂದಳು ಅನೀಸಾ. "ಸಾರ್ ಕಾದಂಬರಿ ಬಗ್ಗೆ ಮಾತಾಡ್ಬೇಕು. ಆಗ ನೋಡಿ. ಮುರಳಿ, ಕೊಡು ಅವ್ರಿಗೆ."

ಮುರಳಿ ಭದ್ರಾವತಿಯಿಂದ ಬಸ್ಸಿನಲ್ಲಿ ಪ್ರಿಂಟಿನ ಕಟ್ಟನ್ನು ಎದೆಗವಚಿಕೊಂಡು ಬಂದಿದ್ದ. ಕೊಡಲು ಕೈ ಚಾಚಿದವನು ತಡೆದ.

"ಸರ್, ಒಂದು ವಿಷಯ ಕೇಳ್ತೀನಿ, ಬೇಜಾರಾಗ್ಬೇಡಿ. ಆಗ ನಿಮ್ಗೆ ಕಳಿಸಿದ್ನಲ್ಲ ಫೈಲು, ಅದು ನಿಮ್ ಫೋನಲ್ಲಿ ಹೇಗೆ ತೆರೀತು?"

"ಯಾಕೆ? ಚೆನ್ನಾಗೇ ತೆರೀತು."

"ಅಲ್ಲ, ಅದು ಹಳೇ ಫಾಂಟಲ್ಲಿ ಮಾಡಿದ್ದು. ಫಾಂಟ್ ಇಲ್ದಿರೋ ಕಡೆ ತೆರೆದ್ರೆ ಕನ್ನಡವೇ ಬರಲ್ಲ. ಇಂಗ್ಲಿಷ್ ಅಕ್ಷರದ ತಲೆ ಮೇಲೆಲ್ಲ ಕೊಂಬು, ಬಾಲ, ಚುಕ್ಕಿ. ಯಾರಿಗೆ ಮರೆತು ಕಳಿಸಿದ್ರೂ ತೆರೆದ ಕೂಡ್ಲೆ ಫೋನ್ ಮಾಡಿ ಬೈತಾರೆ, ಆಗ ಪಿಡಿಎಫ್ ಮಾಡಿ ಕಳಿಸ್ತೀನಿ. ನೀವೊಬ್ರೇ ಬೈಲಿಲ್ಲ. ಮೊಹ್ಸಿನಣ್ಣ ಪ್ರಿಂಟ್ ತಂದು ಕೊಟ್ಟಿರಬೇಕು ಅಂದ್ಕೊಂಡಿದ್ದೆ. ನಿನ್ನೆ ಅಕ್ಕ ಹೇಳಿದ್ರು, ಪ್ರಿಂಟೇ ತೆಗೆಸಿಲ್ಲ ಅಂತ. ಅದಕ್ಕೇ ತಲೆ ಕೆಡ್ತು."

ಎಲ್ಲರೂ ನನ್ನ ಕಡೆ ತಿರುಗಿದರು. ಅಂಥ ಹೊತ್ತಿನಲ್ಲೂ ನನ್ನ ನಾಲಿಗೆ ಸುಮ್ಮನಿರಲಿಲ್ಲ.

"ಆ ಲಿಪಿ ನನಗೆ ಓದಕ್ಕೆ ಬರುತ್ತೆ ಕಣಪ್ಪ" ಎಂದೆ. "ಇಡೀ ಕರ್ನಾಟಕದಲ್ಲಿ ನನಗೊಬ್ಬನಿಗೇ ಬರೋದು. ಕೊಂಬು ಬಂದ್ರೆ ಇಂಥದ್ದು, ಬಾಲ ಬಂದ್ರೆ ಇಂಥದ್ದು..."

ಯಾರೂ ನಗಲಿಲ್ಲ. ಅನೀಸಾ ನಿಧಾನವಾಗಿ ಕೇಳಿದಳು.

"ಮುರಳಿ, ಬಂಗಲೆ ಯಾವ ಪುಟದಲ್ಲಿದೆ?"

"ಯಾವ ಬಂಗಲೆ ಅಕ್ಕ?"

"ಆ ಗಂಟೆ ಇರೋದು. ಮಹಡಿ. ಕನ್ನಡಿ ಕೋಣೆ."

"ಇದ್ರಲ್ಲಿ ಬಂಗಲೆ ಇಲ್ವಲ್ಲಕ್ಕ. ಒಂದೇ ಅಂಗಡಿ, ಪೂರ್ತಿ ಅಲ್ಲೇ ನಡೆಯೋದು." ಅವನು ಗಾಬರಿಯಲ್ಲಿ ಮೊದಲ ಪುಟ ತೆಗೆದು, ತಾನು ತಪ್ಪು ಪ್ರಿಂಟ್ ತಂದಿಲ್ಲ ಎಂದು ತೋರಿಸುವವನಂತೆ ಓದಿದ: "ಸುಟ್ಟ ಮೋಟರ್ ಬಿಚ್ಚುವಾಗ ಮೊದಲು ಬರುವುದು ವಾಸನೆ, ಆಮೇಲೆ ತಂತಿ. ಆ ದಿನ ತಂತಿಗಿಂತ ಮೊದಲು ಒಂದು ಕೆಮ್ಮು ಬಂತು. ಅಂಗಡಿಯಲ್ಲಿ ನಾನೊಬ್ಬನೇ ಇದ್ದೆ. ನಾನು ಕೆಮ್ಮಿರಲಿಲ್ಲ."

ನಾಲ್ಕು ಸಾಲಿನಲ್ಲಿ ಒಂದೇ ಸುಳ್ಳು. ವಾಸನೆ ನಿಜ, ತಂತಿ ನಿಜ, ಒಬ್ಬನೇ ಇರುವ ಅಂಗಡಿ ನಿಜ. ಕೊನೇ ಸಾಲಿನಲ್ಲಿ ಕೂತು ಇವನು ಕೇಳಿಸಿಕೊಂಡಿದ್ದ, ನಾನೇ ಹೇಳಿ ಮರೆತಿದ್ದನ್ನು ಮಾಡಿಯೂ ತೋರಿಸಿದ್ದ. ಇದನ್ನು ಅವನಿಗೆ ಹೇಳಬಹುದಾಗಿದ್ದ ದಿನಗಳಲ್ಲಿ ನಾನು ಊರೆಲ್ಲ ಹುಲಿಯ ಕಥೆ ಹೇಳಿಕೊಂಡು ತಿರುಗಿದ್ದೆ.

"ಓದಿಲ್ಲ" ಎಂದೆ. "ಮೆಸೇಜ್ ಹಾಕಿದಾಗ ಫೈಲ್ ತೆರೆದೇ ಇರಲಿಲ್ಲ. ಮೊನ್ನೆ ತೆರೆದೆ. ಬರೀ ಕೊಂಬು ಬಾಲ ಕಾಣಿಸ್ತು. ಈಗ ಮುರಳಿಗೆ ಫೋನ್ ಮಾಡಿದ್ರೆ ಇಷ್ಟು ದಿನ ಓದಿಲ್ಲ ಅಂತ ಗೊತ್ತಾಗುತ್ತಲ್ಲ ಅಂತ ಸುಮ್ಮನಾದೆ. ದೆವ್ವದ ಕಾದಂಬರಿ ಅಂದ್ಮೇಲೆ ಬಂಗಲೆ ಇದ್ದೇ ಇರುತ್ತೆ ಅಂದ್ಕೊಂಡೆ."

ಮುರಳಿ ತಲೆ ತಗ್ಗಿಸಿದ. ಅನೀಸಾ ಸಿಟ್ಟಾಗಲಿಲ್ಲ. ಸಿಟ್ಟಾಗಿದ್ದರೆ ನನಗೆ ಸುಲಭವಾಗುತ್ತಿತ್ತು. ಅವಳು ಎರಡು ಹೆಜ್ಜೆ ಮುಂದೆ ಬಂದು ನನ್ನ ಜುಬ್ಬಾದ ತೋಳು ಹಿಡಿದುಕೊಂಡಳು.

"ಆಯ್ತು ಸಾರ್. ಬಂಗಲೆ ಸುಳ್ಳಾಗ್ಲಿ. ಓದದೇ ಇದ್ರೆ ಇರ್ಲಿ, ಆಮೇಲೆ ಓದ್ಕೊಳ್ಳಿ. ಬೆರಳು ನಿಜ ಅಲ್ವಾ?"

ಡಾಕ್ಟರ್ ದಾಕ್ಷಾಯಣಿ ಕನ್ನಡಕ ತೆಗೆದರು. "ಅದೊಂದು ಹೇಳಿ ಕಾಂತರಾಜ್ ಅವ್ರೇ. ಪುಸ್ತಕದ ವಿಷಯ ನಂಗೆ ಬೇಡ. ಬೆರಳು ಅಲ್ಲಾಡಿದ್ದನ್ನ ನೀವು ನೋಡಿದ್ರಾ?"

ಹೂಂ ಅಂದರೆ ಆಂಬುಲೆನ್ಸ್ ಘಟ್ಟ ಇಳಿಯುತ್ತಿತ್ತು. ಅನೀಸಾಳ ಕಣ್ಣು ಅದನ್ನೇ ಕೇಳುತ್ತಿತ್ತು, ಬೇಡುತ್ತಿತ್ತು. ಇಷ್ಟು ಸುಳ್ಳು ಹೇಳಿದ ಬಾಯಿಗೆ ಇನ್ನೊಂದು ಭಾರವಲ್ಲ. ಕರೀಮಾಬಿ ಮಗನ ಕಾಲು ಒತ್ತುತ್ತ ನನ್ನ ಕಡೆ ನೋಡದೆ ಕೂತಿದ್ದರು. ಗಂಟಲಿನ ಪೈಪನ್ನು ಶುಚಿ ಮಾಡಲು ಭೂಮಿಕಾ ತಟ್ಟೆ ಹಿಡಿದು ಬಾಗಿಲಲ್ಲಿ ನಿಂತಿದ್ದಳು. ಮೊಹ್ಸಿನನ ಕಣ್ಣಿನ ಕೊನೆಯಲ್ಲಿ ಬೆಳಗಿನದೋ ನಿನ್ನೆಯದೋ ನೀರು ಒಣಗಿತ್ತು.

"ಇಲ್ಲ" ಎಂದೆ.

"ಇಲ್ಲ ಅಂದ್ರೆ? ನೀವೇ ತಾನೆ ಮೊದ್ಲು ಕೂಗಿದ್ದು?" ಅನೀಸಾ ತೋಳು ಬಿಡಲಿಲ್ಲ.

"ನಾನೇ ಕೂಗಿದ್ದು ತಂಗಿ. ಅದು ಅಲ್ಲಾಡಲಿಲ್ಲ. ನೀನು ನನ್ನ ಮುಖ ನೋಡ್ತಾ ನಿಂತಿದ್ದೆ. ಏನೂ ಆಗ್ಲಿಲ್ಲ ಅಂತ ಹೇಳಿ ಎದ್ದು ಹೋಗೋ ಧೈರ್ಯ ನಂಗೆ ಬರ್ಲಿಲ್ಲ. ನನ್ನ ಮಾತಿಗೆ ಏನೂ ಆಗಲ್ಲ ಅನ್ನೋದನ್ನ ನಿನ್ನ ಎದುರಿಗೆ ಒಪ್ಕೊಳ್ಳೋಕೆ ಆಗ್ಲಿಲ್ಲ. ಅದಕ್ಕೆ ಕೂಗಿದೆ."

"ನಾನೂ ನೋಡ್ದೆ ಸಾರ್. ಕನ್ನಡಿ ಅಂದಾಗ. ನಾನು ನೋಡಿದೀನಿ."

"ನಾನು ನೋಡ್ದೆ ಅಂದಿದ್ದಕ್ಕೆ ನೀನು ನೋಡ್ದೆ."

ಅವಳ ಕೈ ನನ್ನ ತೋಳಿನಿಂದ ಜಾರಿತು. ಕರೀಮಾಬಿ ಎದ್ದು ಬಂದು ಸೊಸೆಯ ಬೆನ್ನಿನ ಮೇಲೆ ಕೈ ಇಟ್ಟರು. ಅನೀಸಾ ಈ ಸಲ ಕಿತ್ತುಕೊಳ್ಳಲಿಲ್ಲ, ಒರಗಲೂ ಇಲ್ಲ.

"ಒಂದು ಸಲನೂ ನೋಡಿಲ್ವಾ?" ಡಾಕ್ಟರ್ ಮೆಲ್ಲಗೆ ಕೇಳಿದರು. "ಯೋಚನೆ ಮಾಡಿ ಹೇಳಿ. ನಾನು ಬರೆದುಕೊಳ್ಳಬೇಕು."

ನಾನು ಮೊಹ್ಸಿನನ ಕೈಯನ್ನೇ ನೋಡಿದೆ. ಹಾಸಿಗೆಯ ಮೇಲೆ ಅಂಗೈ ಮೇಲಾಗಿ ಬಿದ್ದಿತ್ತು. ಬಹಳ ಹೊತ್ತು ನೋಡಿದೆ, ನಿಜವಾಗಿ ನೋಡಿದ್ದು ಅದೇ ಮೊದಲು.

"ಒಂದು ಸಲನೂ ಇಲ್ಲ ಡಾಕ್ಟ್ರೇ" ಎಂದೆ. "ನಾನು ಹೇಳಿದ್ದೆಲ್ಲಾ ಸುಳ್ಳು."